ಊಟದ ಮೇಜಿನ ಜಗಳದ ನಡುವೆ ಮಧ್ಯಂತರ

‘ಹೆರೆಡಿಟರಿ’ ಎರಡು ಗಂಟೆ ಏಳು ನಿಮಿಷದ ಇಂಗ್ಲಿಷ್ ದೆವ್ವದ ಚಿತ್ರ. 2018ರಲ್ಲಿ ಬಂದದ್ದು, ನಿರ್ದೇಶಕ ಆರಿ ಆಸ್ಟರ್ ಅವರ ಮೊದಲ ಕಥಾಚಿತ್ರ. ಅದರಲ್ಲಿ ಅವರು ಎಲ್ಲಿಯೂ ಮಧ್ಯಂತರ ಇಟ್ಟಿಲ್ಲ. ಆದರೆ ನಮ್ಮ ಮಲ್ಟಿಪ್ಲೆಕ್ಸಿನವರಿಗೆ ಪಾಪ್‌ಕಾರ್ನ್ ಖರ್ಚಾಗಬೇಕು. ಆದ್ದರಿಂದ ಯಾರೋ ಒಬ್ಬರು ಗಡಿಯಾರ ನೋಡಿ ಕತ್ತರಿ ಹಾಕುತ್ತಾರೆ, ಪರದೆಯ ಮೇಲೆ ಏನು ನಡೆಯುತ್ತಿದೆ ಎಂದು ಕಣ್ಣೆತ್ತಿಯೂ ನೋಡುವುದಿಲ್ಲ.

ಆ ಕತ್ತರಿ ಬಿದ್ದದ್ದು ಊಟದ ಮೇಜಿನ ದೃಶ್ಯದಲ್ಲಿ. ಮನೆಯ ಮಗಳು ಸತ್ತಿದ್ದಾಳೆ. ಆ ರಾತ್ರಿ ಪಾರ್ಟಿಯೊಂದರಿಂದ ಅವಳನ್ನು ಕರೆದುಕೊಂಡು ಕಾರು ಓಡಿಸುತ್ತಿದ್ದವನು ಅವಳ ಅಣ್ಣ ಪೀಟರ್. ತಾಯಿಗೂ ಮಗನಿಗೂ ನಡುವೆ ಆಡದೆ ಉಳಿದ ಮಾತೆಲ್ಲ ಆ ಮೇಜಿನ ಮೇಲೆ ಒಡೆದು ಬೀಳುತ್ತದೆ. ತಾಯಿಯಾಗಿ ಟೋನಿ ಕಾಲೆಟ್ ಎದ್ದು ನಿಂತು ಕೂಗುವಾಗ ಆ ಮುಖದಲ್ಲಿ ಸಿಟ್ಟು ಎಷ್ಟು, ಸಂಕಟ ಎಷ್ಟು ಎಂದು ಬಿಡಿಸಿ ಹೇಳಲಾಗದು. ಅವಳು ಕುಳಿತ ಮೇಲೆ ಮಗ ತಿರುಗಿ ಕೇಳುತ್ತಾನೆ: ತಂಗಿಗೆ ಆ ಪಾರ್ಟಿಗೆ ಬರುವುದೇ ಬೇಕಿರಲಿಲ್ಲ, ಹಾಗಿದ್ದರೆ ಯಾಕೆ ಬಂದಳು? ಕಳಿಸಿದವಳು ತಾಯಿಯೇ. ಇಡೀ ಚಿತ್ರದ ಭಯ ಇರುವುದು ಈ ಪ್ರಶ್ನೆಯಲ್ಲಿ. ಪೈಮನ್ ಎಂಬ ದುಷ್ಟಶಕ್ತಿ ಆ ಮನೆಯೊಳಗೆ ಕಾಲಿಡುವುದು ಇದೇ ಬಿರುಕಿನಿಂದ.

ಮಗ ಬಾಯಿ ತೆರೆಯುವ ಮೊದಲೇ ದೀಪ ಹತ್ತಿತು! ತಂಪು ಪಾನೀಯದ ಜಾಹೀರಾತು, ಮದುವೆ ಸೀರೆಯ ಜಾಹೀರಾತು, ಅಪಾರ್ಟ್‌ಮೆಂಟಿನ ಜಾಹೀರಾತು. ಮತ್ತೆ ಚಿತ್ರ ಶುರುವಾದಾಗ ಅರ್ಧದಷ್ಟು ಜನ ಟ್ರೇ ಹಿಡಿದುಕೊಂಡು ತಮ್ಮ ಸೀಟು ಹುಡುಕುತ್ತಿದ್ದರು. ಮಗನ ಪ್ರಶ್ನೆ ಅವರ ಕಾಲುಗಳ ಸಂದಿಯಲ್ಲಿ ಎಲ್ಲೋ ಬಿದ್ದು ಹೋಯಿತು.

ಅಷ್ಟಕ್ಕೇ ಮುಗಿಯಲಿಲ್ಲ. ಕೊನೆಯ ಭಾಗದಲ್ಲಿ ಪೀಟರ್ ಕತ್ತಲ ಕೋಣೆಯಲ್ಲಿ ನಿದ್ದೆಯಿಂದ ಎದ್ದು ಕೂರುತ್ತಾನೆ. ಅವನ ಹಿಂದೆ, ಗೋಡೆಯ ಮೂಲೆಯಲ್ಲಿ, ಸೂರಿನ ಹತ್ತಿರ ಅವನ ತಾಯಿ ಅಂಟಿಕೊಂಡಿದ್ದಾಳೆ. ಛಾಯಾಗ್ರಾಹಕ ಪಾವೆಲ್ ಪೊಗೊರ್ಜೆಲ್ಸ್ಕಿ ಅವಳ ಮೇಲೆ ಬೆಳಕು ಚೆಲ್ಲುವುದಿಲ್ಲ, ‘ಇಗೋ ನೋಡಿ’ ಎಂದು ಸಂಗೀತವೂ ಕಿರುಚುವುದಿಲ್ಲ. ಪ್ರೇಕ್ಷಕನ ಕಣ್ಣು ಕತ್ತಲಿಗೆ ಹೊಂದಿಕೊಂಡು, ಆ ನೆರಳು ಗೋಡೆಯದಲ್ಲ, ಮನುಷ್ಯರದು ಎಂದು ತಾನಾಗಿಯೇ ಗುರುತಿಸಬೇಕು. ಬೆನ್ನುಹುರಿಯಲ್ಲಿ ಚಳಿ ಹುಟ್ಟುವುದು ಆ ಕ್ಷಣದಲ್ಲಿ. ಸರಿಯಾಗಿ ಆಗಲೇ ಸೀಟಿಗೆ ತಿಂಡಿ ತಂದುಕೊಡುವ ಹುಡುಗ ಮೊಬೈಲಿನ ಟಾರ್ಚ್ ಹಾಕಿಕೊಂಡು ನಮ್ಮ ಸಾಲಿಗೆ ಬಂದ. ‘ಚೀಸ್ ನಾಚೋಸ್ ಯಾರಿಗೆ ಸರ್?’ ಪರದೆಯ ಮೂಲೆ ಬರೀ ಕಪ್ಪಾಗಿ ಕಂಡಿತು. ಆ ಹುಡುಗನ ಮೇಲೆ ನನಗೆ ಸಿಟ್ಟಿಲ್ಲ, ಅವನದು ಹೊಟ್ಟೆಪಾಡು. ಇಂಥ ಹೊತ್ತಿನಲ್ಲಿ ಅವನನ್ನು ಒಳಗೆ ಕಳಿಸುವ ವ್ಯವಸ್ಥೆಯ ಮೇಲೆ ಸಿಟ್ಟು.

ಹಿಂದಿನ ಸಾಲಿನವರು ‘ದೆವ್ವ ಎಲ್ಲಿ ಬಂತು?’ ಎಂದು ನಗುತ್ತಾ ಎದ್ದು ಹೋದರು. ಅವರನ್ನೂ ಬೈಯಲಾರೆ. ದೆವ್ವ ಬಂದಾಗ ಅವರ ಕಣ್ಣಿಗೂ ಟಾರ್ಚ್ ಬೆಳಕೇ ಬಿದ್ದಿತ್ತು.

ಹೊರಗೆ ಬಂದು ಮ್ಯಾನೇಜರನ್ನು ಕೇಳಿದೆ. ‘ಎಲ್ಲ ಚಿತ್ರಕ್ಕೂ ಹೀಗೇ ಮೇಡಂ, ಇದುವರೆಗೆ ಯಾರೂ ದೂರು ಹೇಳಿಲ್ಲ’ ಎಂದರು. ಹಾಗಾದರೆ ನಾನು ಹೇಳುತ್ತಿದ್ದೇನೆ. ದೂರಿನ ಪುಸ್ತಕ ಕೊಡಿ ಎಂದೆ. ಅಂಥ ಪುಸ್ತಕವೇ ಅವರಲ್ಲಿ ಇರಲಿಲ್ಲ.