ಕಾರ್ಡುದಾರರ ಪಾಡನ್ನೂ ನೋಡಿ

ನ್ಯಾಯಬೆಲೆ ಅಂಗಡಿಯ ಪರವಾನಗಿ ರದ್ದಾದರೆ ಹೈಕೋರ್ಟ್ ಏನು ನೋಡುತ್ತದೆ ಎಂದು ನಿಮ್ಮ ಲೇಖನದಲ್ಲಿ ಚೆನ್ನಾಗಿ ಬರೆದಿದ್ದೀರಿ. ಸರ್ಕಾರಿ ಆದೇಶಗಳನ್ನು ಪರಿಶೀಲಿಸಲು ಹೈಕೋರ್ಟಿಗೆ ಅಧಿಕಾರ ಕೊಡುವ ಸಂವಿಧಾನದ 226ನೇ ವಿಧಿಯಡಿ ಕೋರ್ಟ್ ಸಾಮಾನ್ಯವಾಗಿ ಅಂಗಡಿಯಲ್ಲಿ ಎಷ್ಟು ಅಕ್ಕಿ ಕಡಿಮೆ ಇತ್ತು ಅಂತ ಮತ್ತೆ ಲೆಕ್ಕ ಹಾಕುವುದಿಲ್ಲ. ನೋಟಿಸ್ ಕೊಟ್ಟರಾ, ಅಂಗಡಿಯವರ ಮಾತು ಕೇಳಿದರಾ, ಆದೇಶದಲ್ಲಿ ಕಾರಣ ಬರೆದರಾ ಅಂತ ನೋಡುತ್ತದೆ. ಅದು ಸರಿಯೇ. ಆದರೆ ಅಧಿಕಾರಿಗಳು ಆದೇಶದಲ್ಲಿ ಕಾರಣ ಬರೆಯದೆ ಅವಸರದಲ್ಲಿ ನಾಲ್ಕು ಸಾಲು ಗೀಚಿದರೆ, ನಿಜವಾಗಿ ಅಕ್ಕಿ ಕದ್ದವರೂ ಗೆದ್ದು ಬರಬಹುದು, ಅಲ್ವಾ? ನನಗೆ ಜಾಸ್ತಿ ಸಂಕಟ ಆಗುವುದು ಕಾರ್ಡುದಾರರ ಬಗ್ಗೆ. 2013ರ ಆಹಾರ ಭದ್ರತಾ ಕಾಯ್ದೆ ಬಂದ ಮೇಲೆ ಪಡಿತರ ಅವರ ಹಕ್ಕು. ಅಂಗಡಿ ಮುಚ್ಚಿದರೆ ಕಾರ್ಡುಗಳನ್ನು ಪಕ್ಕದ ಊರಿನ ಅಂಗಡಿಗೆ ಸೇರಿಸುತ್ತಾರೆ. ಬಸ್ಸಿಲ್ಲದ ಹಳ್ಳಿಯ ವಯಸ್ಸಾದವರು ಹೆಬ್ಬೆಟ್ಟು ಒತ್ತಲು ಅಲ್ಲಿಯವರೆಗೆ ನಡೆಯಬೇಕು. ಕೇಸು ಮುಗಿಯುವ ತನಕ ಊರಲ್ಲೇ ಪಡಿತರ ಹಂಚುವುದು ಹೇಗೆ ಎಂದು ರದ್ದತಿ ಆದೇಶದಲ್ಲೇ ಬರೆಯಬೇಕು.