ದಾವಣಗೆರೆಯಲ್ಲಿ ಎಡಿಟರ್‌ಗಳಿಗೆ ಬರ ಇಲ್ಲ

ಊರಿಗೆ ಬಂದಾಗಲೆಲ್ಲ ಮದುವೆ ವಿಡಿಯೋ ಮಾಡುವ ಹುಡುಗರು ಕೇಳುತ್ತಾರೆ: "ಅಣ್ಣಾ, ಸಾಕ್ಷ್ಯಚಿತ್ರದ ಎಡಿಟರ್ ಆಗೋಕೆ ಯಾವ ಸಾಫ್ಟ್‌ವೇರ್ ಕಲೀಬೇಕು?" ಸಾಫ್ಟ್‌ವೇರ್ ಅವರಿಗೆ ಆಗಲೇ ಬರುತ್ತದೆ. ಎರಡು ದಿನದ ಮದುವೆಯನ್ನು ನಾಲ್ಕು ನಿಮಿಷಕ್ಕೆ ಇಳಿಸುವವರಿಗೆ ನಾನೇನು ಕಲಿಸಲಿ?

ನಾನಿರುವುದು ಇಂಗ್ಲೆಂಡಿನ ಮ್ಯಾಂಚೆಸ್ಟರ್‌ನಲ್ಲಿ. ಇತಿಹಾಸದ ಸಾಕ್ಷ್ಯಚಿತ್ರಗಳ ಎಡಿಟಿಂಗ್ ನನ್ನ ಕೆಲಸ. ಹತ್ತಿ ಗಿರಣಿಗಳಿಂದಾಗಿ ದಾವಣಗೆರೆಯನ್ನು 'ಕರ್ನಾಟಕದ ಮ್ಯಾಂಚೆಸ್ಟರ್' ಅಂತಿದ್ದರಲ್ವಾ, ಅದೇ ಮ್ಯಾಂಚೆಸ್ಟರ್. ಗಿರಣಿಗಳ ಕಾಲ ಎರಡೂ ಕಡೆ ಮುಗಿಯಿತು. ಆದರೆ ಇಲ್ಲಿ ಗಿರಣಿಯ ಕತೆ ಎಡಿಟ್ ಮಾಡಲು ಕೂತರೆ ಕೈಗೆ ಹಳೆಯ ಚಿತ್ರಗಳ ಸರಕು ಸಿಗುತ್ತದೆ.

ಹತ್ತಿರದ ಬ್ಲ್ಯಾಕ್‌ಬರ್ನ್ ಕೂಡ ಹತ್ತಿಯ ಊರೇ. 1900ರ ಹೊತ್ತಿಗೆ ಅಲ್ಲಿನ ಮಿಚೆಲ್ ಮತ್ತು ಕೆನ್ಯನ್ ಎಂಬಿಬ್ಬರು ಗಿರಣಿ ಗೇಟಿನ ಎದುರು ಕ್ಯಾಮೆರಾ ಇಟ್ಟು, ಕೆಲಸ ಮುಗಿಸಿ ಹೊರಬರುವವರನ್ನು ಚಿತ್ರೀಕರಿಸುತ್ತಿದ್ದರು. ಇತಿಹಾಸ ಉಳಿಸುವ ಆಸೆಯಿಂದಲ್ಲ. ತಮ್ಮ ಮುಖವನ್ನೇ ಪರದೆ ಮೇಲೆ ನೋಡಲು ಜನ ಜಾತ್ರೆಯಲ್ಲಿ ದುಡ್ಡು ಕೊಡುತ್ತಿದ್ದರು, ಅಷ್ಟೇ. 1994ರಲ್ಲಿ ಹಳೇ ಅಂಗಡಿಯ ನೆಲಮಾಳಿಗೆಯಲ್ಲಿ ಅವರ ಸುಮಾರು 800 ನೆಗೆಟಿವ್ ಸುರುಳಿಗಳು ಡ್ರಮ್‌ಗಳಲ್ಲಿ ಸಿಕ್ಕವು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅವನ್ನು ಕಾಪಾಡಿಟ್ಟಿದೆ. ಶಾಲು ಹೊದ್ದ ಹೆಂಗಸರು, ಕ್ಯಾಮೆರಾ ಕಂಡೊಡನೆ ಮತ್ತೆ ಮತ್ತೆ ಎದುರಿಗೆ ಬರುವ ಹುಡುಗರು. ಇಂಥ ಶಾಟ್ ಇದ್ದರೆ ನಿರೂಪಣೆಯ ಅರ್ಧ ಸಾಲು ನಾವೇ ಕಿತ್ತುಹಾಕುತ್ತೇವೆ.

ನಮ್ಮಲ್ಲಿ ಇತಿಹಾಸದ ವಿಡಿಯೋ ಎಂದರೆ ಚಿತ್ರದುರ್ಗದ ಕೋಟೆಯ ಡ್ರೋನ್ ಶಾಟ್, ಮೇಲೆ ನಗಾರಿ ಸದ್ದು. ಓಬವ್ವ ಅಂದರೆ ಇವತ್ತಿಗೂ 1972ರ 'ನಾಗರಹಾವು' ಚಿತ್ರದ ಜಯಂತಿಯೇ! ಕೋಟೆ ಹೈದರಾಲಿಯ ಕೈಸೇರಿದ್ದು 1779ರಲ್ಲಿ, ಆಗ ಕ್ಯಾಮೆರಾ ಇರಲಿಲ್ಲ, ಒಪ್ಪೋಣ. ದಾವಣಗೆರೆಯ ಗಿರಣಿಗಳಿಗೆ ಆ ನೆಪ ಇಲ್ಲ. ಅದು ಫೋಟೋ ಸ್ಟುಡಿಯೋಗಳಿದ್ದ ಕಾಲ.

ಇನ್ನೊಂದು ವ್ಯತ್ಯಾಸ. ಇಲ್ಲಿ ಹಳೆಯ ಚಿತ್ರ ಹುಡುಕಿ, ಅದನ್ನು ಬಳಸುವ ಹಕ್ಕಿನ ಪತ್ರ ಮಾಡಿಸುವುದೇ ಒಬ್ಬರ ಕೆಲಸ. ಸಹಾಯಕ ಎಡಿಟರ್ ವರ್ಷಗಟ್ಟಲೆ ಸುಮ್ನೆ ಕ್ಲಿಪ್‌ಗಳಿಗೆ ಹೆಸರಿಡುತ್ತಾ, ಪಟ್ಟಿ ಮಾಡುತ್ತಾ ಕೂರುತ್ತಾನೆ. ಬೋರು ಹೊಡೆಸುವ ಕೆಲಸ, ಆದರೆ ಯಾವ ಶಾಟ್ ಯಾವ ಊರಿನದು, ಯಾವ ವರ್ಷದ್ದು ಎಂದು ಅನುಮಾನಪಡುವುದನ್ನು ಅಲ್ಲೇ ಕಲಿಯುವುದು. ಕತೆ ಹುಟ್ಟುವುದೂ ಎಡಿಟಿಂಗ್ ರೂಮಿನಲ್ಲೇ, ನಿರ್ದೇಶಕರ ಜೊತೆ ಜಗಳ ಆಡುತ್ತಾ. ನಮ್ಮಲ್ಲಿ ಬರೆದು ಮುಗಿಸಿದ ನಿರೂಪಣೆ ಕೊಟ್ಟು, "ಇದಕ್ಕೆ ವಿಶುವಲ್ ತುಂಬಿ, ಶುಕ್ರವಾರ ಬೇಕು" ಅಂತಾರೆ. ಹಾಗಾದರೆ ಎಡಿಟರ್ ಬೆಳೆಯುವುದು ಹೇಗೆ?

ಆದ್ದರಿಂದ ಆ ಹುಡುಗರಿಗೆ ನಾನು ಹೇಳುವುದು: ನಿಮ್ಮ ಸ್ಟುಡಿಯೋ ಅಟ್ಟದಲ್ಲಿ ಫಂಗಸ್ ಹಿಡಿಯುತ್ತಿರುವ ಹಳೇ ಮದುವೆ ಕ್ಯಾಸೆಟ್‌ಗಳನ್ನು ಎಸೆಯಬೇಡಿ. ಮಿಚೆಲ್, ಕೆನ್ಯನ್ ಮಾಡಿದ್ದೂ ನಿಮ್ಮದೇ ವ್ಯಾಪಾರ. ಮನೆಯವರ ಒಪ್ಪಿಗೆ ಕೇಳಿ, ಡಿಜಿಟಲ್ ಮಾಡಿಸಿ, ಊರು, ವರ್ಷ, ಬೀದಿಯ ಹೆಸರು ಬರೆದಿಡಿ. ಗಿರಣಿಯಲ್ಲಿ ದುಡಿದ ಅಜ್ಜಂದಿರನ್ನು ಮಾತಾಡಿಸಿ. ಅವರ ಮಾತಿನ ಮೇಲೆ ಮಾತ್ರ ದಯವಿಟ್ಟು ಮ್ಯೂಸಿಕ್ ಹಾಕಬೇಡಿ.