ಶುಕ್ರವಾರ ಬರೆಯುವ ಪಂಚಾಂಗ

ಯುವಕರು ವಾರಕ್ಕೆ 70 ಗಂಟೆ ದುಡಿಯಬೇಕು ಎಂದು 2023ರಲ್ಲಿ ಇನ್ಫೋಸಿಸ್‌ನ ನಾರಾಯಣಮೂರ್ತಿ ಹೇಳಿದರು. 2025ರ ಜನವರಿಯಲ್ಲಿ ಎಲ್ ಅಂಡ್ ಟಿ ಅಧ್ಯಕ್ಷ ಸುಬ್ರಹ್ಮಣ್ಯನ್ ಅವರ ಮಾತು ಹೊರಬಿದ್ದಾಗ ಹರಾಜಿನ ಸವಾಲು 90ಕ್ಕೆ ಏರಿತ್ತು. ವಾರದಲ್ಲಿ ಇರುವುದೇ 168, ಇನ್ನೂ ಕೂಗಲು ಜಾಗವಿದೆ. ಆದರೆ ಬೆಂಗಳೂರಿನ ಐಟಿ ಟೈಮ್‌ಶೀಟ್‌ಗೆ, ಅಂದರೆ ವಾರದ ಕೆಲಸದ ಗಂಟೆ ಬರೆದುಕೊಡುವ ಪಟ್ಟಿಗೆ, ಈ ಸುದ್ದಿ ಮುಟ್ಟಿಲ್ಲ. ಅಲ್ಲಿ 40ರ ಮೇಲೆ ಕಾಲು ಗಂಟೆ ಹಾಕಿ ನೋಡಿ, ಮೊತ್ತದ ಡಬ್ಬಿ ಕೆಂಪಗಾಗುತ್ತದೆ.

ಕಾರಣ ಸರಳ. ಕ್ಲೈಂಟ್ ದುಡ್ಡು ಕೊಡುವುದು 40 ಗಂಟೆಗೆ. 41 ಬರೆದರೆ ‘ಬಜೆಟ್ ಮೀರಿತು’ ಎಂದು ಮ್ಯಾನೇಜರ್ ಫೋನು. 36 ಬರೆದರೆ ‘ಉಳಿದ 4 ಎಲ್ಲಿ?’ ಎಂದು ಅದೇ ಫೋನು. ಹಾಗಾಗಿ ಎಲ್ಲರೂ ದಿನಕ್ಕೆ 8ರಂತೆ ಬರೆಯುತ್ತಾರೆ. ತಿಂಗಳ ಕೊನೆಯಲ್ಲಂತೂ ಬಿಲ್ಲಿಂಗ್‌ನವರಿಗಾಗಿ ಗುರುವಾರವೇ ಶುಕ್ರವಾರದ 8 ತುಂಬಬೇಕು. ನಡೆಯುವ ಮೊದಲೇ ಬರೆದಿಡುವುದಕ್ಕೆ ನಮ್ಮಲ್ಲಿ ಪಂಚಾಂಗ ಅನ್ನುತ್ತೇವೆ.

ತುಂಬುವ ವಿಧಾನ: ಹೋದ ವಾರದ್ದನ್ನು ಕಾಪಿ ಹೊಡೆಯುವುದು. ಹೋದ ವಾರ ರಾಜ್ಯೋತ್ಸವದ ರಜೆ ಇದ್ದರೆ ಈ ವಾರವೂ ರಾಜ್ಯೋತ್ಸವ. ಕೈಯಾರೆ ತುಂಬುವ ಪ್ರಾಮಾಣಿಕರದು ಬೇರೆ ಗೋಳು. ಏಳೂವರೆ ಗಂಟೆಯನ್ನು 7.30 ಎಂದು ಬರೆಯುತ್ತಾರೆ; ಯಂತ್ರಕ್ಕೆ ಏಳೂವರೆ ಅಂದರೆ 7.50. ದಿನಕ್ಕೆ 0.20, ಐದು ದಿನಕ್ಕೆ ಸರಿಯಾಗಿ ಒಂದು ಗಂಟೆ ಮಾಯ. ಟೈಮ್‌ಶೀಟ್ ತುಂಬುವ ಹೊತ್ತನ್ನು ಯಾವ ಕೆಲಸದ ಕೋಡ್‌ಗೆ ಹಾಕಬೇಕೆಂದು ಮಾತ್ರ ಕೇಳಬೇಡಿ. ‘ಅಡ್ಮಿನ್’ಗೆ ಹಾಕಿದರೆ ನಿಮ್ಮ ಯುಟಿಲೈಸೇಶನ್, ಅಂದರೆ ಕ್ಲೈಂಟ್‌ಗೆ ಬಿಲ್ ಹಾಕಬಹುದಾದ ಗಂಟೆಗಳ ಪಾಲು, ಇಳಿಯುತ್ತದೆ.

ಬಾಗಿಲಲ್ಲಿ ಇನ್ನೊಬ್ಬ ಶಾನುಭೋಗ ಕೂತಿದ್ದಾನೆ, ಸ್ವೈಪ್ ಯಂತ್ರ. ಬೆಳಿಗ್ಗೆ ಕಾರ್ಡ್ ತೋರಿಸದೆ ಮುಂದಿನವರ ಬೆನ್ನಿಗೇ ಒಳಗೆ ನುಗ್ಗಿದಿರೋ, ಸಂಜೆ ಹೊರಗೆ ಹೋದದ್ದಕ್ಕೆ ದಾಖಲೆ ಇರುತ್ತದೆ, ಒಳಗೆ ಬಂದದ್ದಕ್ಕೆ ಇರುವುದಿಲ್ಲ. ಹುಟ್ಟದೇ ಸತ್ತವರ ಪಟ್ಟಿಯಲ್ಲಿ ಸೇರಿ, ಎಚ್‌ಆರ್‌ಗೆ ಹಾಜರಿ ಸರಿಪಡಿಸುವ ‘ರೆಗ್ಯುಲರೈಸ್’ ಅರ್ಜಿ ಹಾಕಬೇಕು. ಸಿಲ್ಕ್ ಬೋರ್ಡ್ ಜಂಕ್ಷನ್ನಿನ ಟ್ರಾಫಿಕ್ಕಿನಲ್ಲಿ ನಿಂತ ಹೊತ್ತು ಇಬ್ಬರ ಲೆಕ್ಕಕ್ಕೂ ಇಲ್ಲ.

ಇನ್ನು ಸರ್ಕಾರ. 1961ರ ಕರ್ನಾಟಕ ಅಂಗಡಿ ಮತ್ತು ವಾಣಿಜ್ಯ ಸಂಸ್ಥೆಗಳ ಕಾಯ್ದೆಯ ಪ್ರಕಾರ ದಿನಕ್ಕೆ 9, ವಾರಕ್ಕೆ 48 ಗಂಟೆ. ಮೇಲಿನದಕ್ಕೆ ದುಪ್ಪಟ್ಟು ಕೂಲಿ. ಓಟಿ, ಅಂದರೆ ಹೆಚ್ಚುವರಿ ದುಡಿಮೆಯ ಮಿತಿ ಮೂರು ತಿಂಗಳಿಗೆ 50 ಗಂಟೆ. ಇದನ್ನು 2024ರಲ್ಲಿ ಐಟಿಗೆ 125 ಮಾಡುವ ಪ್ರಸ್ತಾವ ಬಂತು, 2025ರಲ್ಲಿ 144 ಮಾಡುವ ಪ್ರಸ್ತಾವ. ಯೂನಿಯನ್‌ನವರು ಬೀದಿಗಿಳಿದರು. ದಾಖಲೆ 40ಕ್ಕೇ ನಿಂತ ಮೇಲೆ ದುಪ್ಪಟ್ಟು ಕೂಲಿಯ 49ನೇ ಗಂಟೆ ಹುಟ್ಟುವುದೆಲ್ಲಿ? ಮಿತಿಯನ್ನು 1,440 ಅಂತ ಬರೆದರೂ ಕಂಪನಿಗೆ ನಯಾಪೈಸೆ ಖರ್ಚಿಲ್ಲ.

ಶುಕ್ರವಾರ ಸಂಜೆ ಐದಕ್ಕೆ ಮ್ಯಾನೇಜರ್ 14 ಜನರದ್ದನ್ನೂ ಒಟ್ಟಿಗೆ ಟಿಕ್ ಮಾಡಿ ಅಪ್ರೂವ್ ಒತ್ತುತ್ತಾರೆ. 40.00, ಹಸಿರು, ಬೀಗ. ಆರೂವರೆಗೆ ಅವರದೇ ಮೆಸೇಜು: ‘ಎರಡು ನಿಮಿಷ ಫ್ರೀ ಇದ್ದೀರಾ? ಕ್ಲೈಂಟ್ ಲೈನಲ್ಲಿದ್ದಾರೆ.’ ಆ ಎರಡು ನಿಮಿಷ ಮುಗಿಯುವಾಗ ರಾತ್ರಿ ಒಂಬತ್ತೂ ಮುಕ್ಕಾಲು.